ಖಳನ ಮುಖ ಎಲ್ಲಿರುತ್ತದೆ? ಮಿಗೆಲ್ ಇಂಕ್ಲಾನ್ ಎಂಬ ಪೋಷಕ ನಟನ ಕಥೆ

1948ರಲ್ಲಿ ತೆರೆಗೆ ಬಂದ ಎರಡು ಸಿನಿಮಾಗಳನ್ನು ನೋಡೋಣ. ಒಂದು ಮೆಕ್ಸಿಕೋ ನಗರದ ವಠಾರದ ಕಥೆ. ಅದರಲ್ಲಿ ಗಾಂಜಾ ಸೇದುವ ಮುದುಕನೊಬ್ಬ ಇದ್ದಾನೆ. ಮಾತೂ ಇಲ್ಲದ, ಕೈಕಾಲೂ ಆಡದ ಒಬ್ಬ ಹೆಂಗಸನ್ನು ಅವನು ಹಿಡಿದು ಬಡಿಯುತ್ತಾನೆ. ಇನ್ನೊಂದು ಹಾಲಿವುಡ್ಡಿನ ಚಿತ್ರ. ಅದರಲ್ಲಿ ಅಮೆರಿಕದ ಮೂಲನಿವಾಸಿಗಳಾದ ಅಪಾಚೆ ಜನರ ನಾಯಕ ಕೊಚೀಸ್, ಕೊಟ್ಟ ಮಾತಿಗೆ ತಪ್ಪಿದ ಬಿಳಿಯ ಸೇನಾಧಿಕಾರಿಯ ಎದುರು ನಿಂತು ತಣ್ಣಗೆ ನ್ಯಾಯದ ಮಾತಾಡುತ್ತಾನೆ. ಮೊದಲನೆಯವನನ್ನು ಕಂಡರೆ ಮೈ ಉರಿಯುತ್ತದೆ, ಎರಡನೆಯವನಿಗೆ ಕೈ ಮುಗಿಯಬೇಕು ಅನಿಸುತ್ತದೆ. ಎರಡೂ ಪಾತ್ರ ಮಾಡಿದವರು ಒಬ್ಬರೇ. ಹೆಸರು ಮಿಗೆಲ್ ಇಂಕ್ಲಾನ್.

ಮೆಕ್ಸಿಕೋದ ಹಳೆ ಸಿನಿಮಾ ಅಂದರೆ ಹೊರಗಿನವರಿಗೆ ದೊಲೊರೆಸ್ ದೆಲ್ ರಿಯೊ, ಮರಿಯಾ ಫೆಲಿಕ್ಸ್, ಪೆದ್ರೊ ಇನ್ಫಾಂತೆ ಇಂಥ ಹೆಸರು ನೆನಪಾಗುತ್ತವೆ. ಇಂಕ್ಲಾನ್ ಹೆಸರು ಗೊತ್ತಿರುವವರು ಕಡಿಮೆ. ಆದರೆ ಆ ಕಾಲದ ನಾಲ್ಕು ಮುಖ್ಯ ಚಿತ್ರ ನೋಡಿದವರು ಅವರ ಮುಖವನ್ನು ಎರಡು ಸಲವಾದರೂ ನೋಡಿಯೇ ಇರುತ್ತಾರೆ. ಕಪ್ಪು ಮೈಬಣ್ಣ, ಅಗಲ ಮುಖ, ದಪ್ಪ ಹುಬ್ಬು. ಪೋಷಕ ನಟನ ವೃತ್ತಿಜೀವನ ಅನ್ನುವುದು ಹೇಗೆ ನಡೆಯುತ್ತದೆ, ಅದನ್ನು ಯಾರು ರೂಪಿಸುತ್ತಾರೆ ಎಂದು ತಿಳಿಯೋಕೆ ಇವರಿಗಿಂತ ಒಳ್ಳೆ ಉದಾಹರಣೆ ನನಗೆ ಸಿಕ್ಕಿಲ್ಲ.

ಮೊದಲು ಈ ಸಿನಿಮಾದ ಅಂಗಡಿ ಹೇಗೆ ನಡೀತಿತ್ತು ಅಂತ ನೋಡಬೇಕು. ಮೆಕ್ಸಿಕೋ ಸಿನಿಮಾದ ಸುವರ್ಣಯುಗ ಎಂದು ಕರೆಯುವುದು ಸುಮಾರು 1936ರಿಂದ 1950ರ ದಶಕದ ನಡುವಿನವರೆಗಿನ ಕಾಲವನ್ನು. 1936ರಲ್ಲಿ ‘ಅಯಾ ಎನ್ ಎಲ್ ರಾಂಚೊ ಗ್ರಾಂದೆ’ ಎಂಬ ಹಾಡು, ಕುದುರೆ, ಪ್ರೇಮದ ಚಿತ್ರ ಸ್ಪ್ಯಾನಿಷ್ ಮಾತಾಡುವ ದೇಶಗಳಲ್ಲೆಲ್ಲ ಗೆದ್ದಿತು. ಆಮೇಲೆ ಎರಡನೇ ಮಹಾಯುದ್ಧ ಬಂತು. ಹಾಲಿವುಡ್ ಯುದ್ಧದ ಚಿತ್ರಗಳಲ್ಲಿ ಮುಳುಗಿತು. ಮೆಕ್ಸಿಕೋ 1942ರಲ್ಲಿ ಅಮೆರಿಕದ ಪಕ್ಷ ಸೇರಿದ್ದರಿಂದ ಅದಕ್ಕೆ ಕಚ್ಚಾ ಫಿಲ್ಮ್ ಸಿಗುತ್ತಿತ್ತು. ಪೈಪೋಟಿಯಲ್ಲಿದ್ದ ಅರ್ಜೆಂಟೀನಾ ತಟಸ್ಥವಾಗಿ ಉಳಿದು ಫಿಲ್ಮ್ ಇಲ್ಲದೆ ಒದ್ದಾಡಿತು. ಅದೇ 1942ರಲ್ಲಿ ಸಿನಿಮಾಗಳಿಗೆ ಸಾಲ ಕೊಡುವುದಕ್ಕೆಂದೇ ಒಂದು ಬ್ಯಾಂಕ್ ಹುಟ್ಟಿತು. 1945ರಲ್ಲಿ ಚುರುಬುಸ್ಕೊ ಸ್ಟುಡಿಯೋ ಬಾಗಿಲು ತೆರೆಯಿತು. 1950ರ ಹೊತ್ತಿಗೆ ವರ್ಷಕ್ಕೆ ನೂರಕ್ಕೂ ಹೆಚ್ಚು ಚಿತ್ರಗಳು ತಯಾರಾಗುತ್ತಿದ್ದವು.

ನೂರು ಸಿನಿಮಾ ಅಂದರೆ ಸುಮ್ನೆ ಅಲ್ಲ. ಅನೇಕ ಚಿತ್ರಗಳ ಶೂಟಿಂಗ್ ಕೆಲವೇ ವಾರಗಳಲ್ಲಿ ಮುಗಿಯುತ್ತಿತ್ತು. ಅಷ್ಟು ಅವಸರದಲ್ಲಿ ಪ್ರತಿ ಪಾತ್ರದ ಹಿನ್ನೆಲೆ, ಸ್ವಭಾವ ಎಲ್ಲ ಬಿಡಿಸಿ ಹೇಳುವುದಕ್ಕೆ ಪುರುಸೊತ್ತು ಎಲ್ಲಿ? ನಾಯಕ, ನಾಯಕಿಗೆ ಹಾಡು ಬೇಕು, ಅಳು ಬೇಕು, ಕ್ಲೋಸಪ್ ಬೇಕು. ಉಳಿದವರು ತೆರೆಗೆ ಬಂದ ಕೂಡಲೇ ಇವರು ಯಾರು ಎಂದು ಜನಕ್ಕೆ ತಿಳಿದುಬಿಡಬೇಕು. ಪೋಷಕ ನಟರನ್ನು ನಿರ್ಮಾಪಕರು ದುಡಿಸಿಕೊಂಡದ್ದು ಇದಕ್ಕೇ. ಅಜ್ಜಿ ಬೇಕಾದರೆ ಸಾರಾ ಗಾರ್ಸಿಯಾ. ನಿಜವಾಗಿ ಮುದುಕಿ ಆಗುವ ಎಷ್ಟೋ ಮೊದಲೇ ಅವರು ಮುದುಕಿಯ ಪಾತ್ರ ಶುರುಮಾಡಿದ್ದರು. ಅದಕ್ಕಾಗಿ ಹಲ್ಲು ಕೀಳಿಸಿಕೊಂಡರು ಎಂದು ಅಲ್ಲಿ ಇವತ್ತಿಗೂ ಹೇಳುತ್ತಾರೆ. 1970ರ ದಶಕದಿಂದ ಅವರ ಮುಖ ಒಂದು ಚಾಕೊಲೇಟಿನ ಪೊಟ್ಟಣದ ಮೇಲೂ ಇದೆ. ಊರನ್ನು ಹಿಂಡುವ ಜಮೀನ್ದಾರ ಬೇಕಾದರೆ ಕಾರ್ಲೋಸ್ ಲೋಪೆಸ್ ಮೊಕ್ತೆಸುಮಾ. ನಾಯಕನ ಪಕ್ಕದಲ್ಲಿ ನಗಿಸುವ ಗೆಳೆಯ ಬೇಕಾದರೆ ‘ಮಾಂತೆಕಿಯಾ’ ಎಂದೇ ಹೆಸರಾಗಿದ್ದ ಫೆರ್ನಾಂದೊ ಸೋತೊ. ಬಡಬೀದಿಯ ಕೆಟ್ಟವ ಬೇಕು ಅಂದರೆ ಮಿಗೆಲ್ ಇಂಕ್ಲಾನ್.

ಇದರಲ್ಲಿ ಒಂದು ವಿಷಯವನ್ನು ನಾವು ಮರೆಯುತ್ತೇವೆ. ನಾಯಕ ನಟನ ಹೊಸ ಚಿತ್ರಕ್ಕೆ ಜನ ಅವನನ್ನು ನೋಡಬೇಕು ಅಂತಲೇ ಬರುತ್ತಾರೆ. ಪೋಷಕ ನಟನನ್ನು ನೋಡಬೇಕು ಅಂತ ಯಾರೂ ಟಿಕೆಟ್ ತಗೊಳ್ಳೋಲ್ಲ. ಆದರೆ ಅವನು ಬಂದ ಕೂಡಲೇ ಹಳೆಯ ಸಿನಿಮಾಗಳ ನೆನಪು ಅವನ ಹಿಂದೆಯೇ ಬರುತ್ತದೆ. ಹೋದ ವರ್ಷ ಕಳ್ಳನಾಗಿದ್ದವ ಈ ವರ್ಷ ಬಾಗಿಲಲ್ಲಿ ನಿಂತರೆ ಸಾಕು, ಹಣದ ಪೆಟ್ಟಿಗೆ ಎಲ್ಲಿದೆ ಎಂದು ಪ್ರೇಕ್ಷಕರ ಕಣ್ಣು ಹುಡುಕುತ್ತದೆ. ಕಥೆಗಾರ ಒಂದು ಸಾಲು ಬರೆಯಬೇಕಿಲ್ಲ. ಪೋಷಕ ನಟನ ಬಂಡವಾಳ ಈ ನೆನಪು. ಅವನ ಕಾಲಿಗೆ ಕಟ್ಟಿದ ಹಗ್ಗವೂ ಅದೇ.

ಇಂಕ್ಲಾನ್ ಅವರ ಹಗ್ಗ 1943ರಲ್ಲೇ ಗಟ್ಟಿಯಾಗಿತ್ತು. ಆ ವರ್ಷ ನಿರ್ದೇಶಕ ಎಮಿಲಿಯೊ ಫೆರ್ನಾಂದೆಸ್ ‘ಮರಿಯಾ ಕಾಂದೆಲಾರಿಯಾ’ ಮಾಡಿದರು. 1946ರ ಕಾನ್ ಚಿತ್ರೋತ್ಸವದಲ್ಲಿ ದೊಡ್ಡ ಬಹುಮಾನ ಹಂಚಿಕೊಂಡ ಚಿತ್ರಗಳಲ್ಲಿ ಇದೂ ಒಂದು. ಶೊಚಿಮಿಲ್ಕೊದ ಕಾಲುವೆಗಳ ನಡುವೆ ಹೂವು ಮಾರಿ ಬದುಕುವ ಮೂಲನಿವಾಸಿ ಹುಡುಗಿ ನಾಯಕಿ. ಇಂಕ್ಲಾನ್ ಅಂಗಡಿಯ ಯಜಮಾನ ದೋನ್ ದಮಿಯಾನ್. ಅವಳ ಮೇಲೆ ಅವನ ಕಣ್ಣು. ಅವಳು ತೀರಿಸಬೇಕಾದ ಸಾಲ ಅವನ ಕೈಯಲ್ಲಿದೆ. ಮದುವೆಯ ಖರ್ಚಿಗೆ ಎಂದು ಅವಳು ಸಾಕಿದ ಹಂದಿಮರಿಯನ್ನು ಅವನು ಕೊಲ್ಲುತ್ತಾನೆ. ಅವಳಿಗೆ ಮಲೇರಿಯಾ ಬಂದಾಗ ಕ್ವಿನೈನ್ ಕೊಡುವುದಿಲ್ಲ. ಅವಳ ಪ್ರಿಯಕರ ಅಂಗಡಿ ಒಡೆದು ಔಷಧಿ ತಗೊಂಡು ಜೈಲಿಗೆ ಹೋಗುತ್ತಾನೆ. ಕಥೆಯನ್ನು ಹಳ್ಳಕ್ಕೆ ತಳ್ಳುವ ಕೆಲಸವೆಲ್ಲ ಇಂಕ್ಲಾನ್ ಅವರದು.

ಈ ಚಿತ್ರದಲ್ಲಿ ನನಗೆ ಯಾವಾಗಲೂ ಒಂದು ಕಿರಿಕಿರಿ. ಮೂಲನಿವಾಸಿ ಹುಡುಗಿಯಾಗಿ ನಟಿಸಿದವರು ದೊಲೊರೆಸ್ ದೆಲ್ ರಿಯೊ. ಶ್ರೀಮಂತ ಮನೆಯಲ್ಲಿ ಹುಟ್ಟಿ, ಹಾಲಿವುಡ್ಡಿನಲ್ಲಿ ಮೆರೆದು ಬಂದ ಬೆಳ್ಳನೆಯ ತಾರೆ. ನಿಜವಾಗಿ ಆ ನೆಲದ ಮುಖ ಇದ್ದ ಇಂಕ್ಲಾನ್ ಅವರಿಗೆ ಸಿಕ್ಕಿದ್ದು ಅವಳನ್ನು ಹಿಂಸಿಸುವ ಪಾತ್ರ. ಆ ಕಾಲದ ಸಿನಿಮಾ ಮೂಲನಿವಾಸಿಗಳನ್ನು ಮಾತಿನಲ್ಲಿ ಬಹಳ ಹೊಗಳುತ್ತಿತ್ತು. ಆದರೆ ಪಾತ್ರ ಹಂಚುವಾಗ ಲೆಕ್ಕ ಬೇರೆ. ಬೆಳಕು ಬೀಳುವ ಜಾಗಕ್ಕೆ ಬಿಳಿ ಮುಖ, ನೆರಳಿನ ಜಾಗಕ್ಕೆ ಕಪ್ಪು ಮುಖ. ಇಂಕ್ಲಾನ್ ‘ಖಳನಟ’ ಆಗಿದ್ದರಲ್ಲಿ ಅವರ ನಟನೆಯ ಪಾಲು ಎಷ್ಟಿತ್ತೋ ಈ ಲೆಕ್ಕದ ಪಾಲೂ ಅಷ್ಟೇ ಇತ್ತು ಎಂದು ನನಗನಿಸುತ್ತದೆ.

1946ರ ‘ಎನಾಮೊರಾದಾ’ದಲ್ಲಿ ಅದೇ ಫೆರ್ನಾಂದೆಸ್, ಇಂಕ್ಲಾನ್ ಅವರನ್ನು ಕ್ರಾಂತಿಕಾರಿ ಪಡೆಯ ಕ್ಯಾಪ್ಟನ್ ಬೊಕಾನೆಗ್ರಾ ಮಾಡಿದರು. ಪಾತ್ರ ಸಣ್ಣದು. ಮಾರನೇ ವರ್ಷ ಅಮೆರಿಕದ ಜಾನ್ ಫೋರ್ಡ್ ಮೆಕ್ಸಿಕೋಗೆ ಬಂದು ‘ದಿ ಫ್ಯುಜಿಟಿವ್’ ಮಾಡಿದಾಗ ಅದರಲ್ಲೂ ಒಂದು ಚಿಕ್ಕ ಪಾತ್ರ, ಹೆಸರೂ ಇಲ್ಲದ ಒತ್ತೆಯಾಳು. ಪೋಷಕ ನಟರ ಬದುಕಿನಲ್ಲಿ ಇಂಥ ಚಿಕ್ಕ ಕೆಲಸಗಳೇ ಜಾಸ್ತಿ. ಆದರೆ ಒಬ್ಬ ನಿರ್ದೇಶಕನ ಕಣ್ಣಿಗೆ ಬಿದ್ದರೆ ಮುಂದಿನ ಬಾಗಿಲು ತೆರೆಯಬಹುದು. ಫೋರ್ಡ್ ಮುಂದಿನ ಚಿತ್ರ ‘ಫೋರ್ಟ್ ಅಪಾಚೆ’ಗೆ ಇಂಕ್ಲಾನ್ ಅವರನ್ನೇ ಕೊಚೀಸ್ ಆಗಿ ಕರೆದರು. ‘ದಿ ಫ್ಯುಜಿಟಿವ್’ನಲ್ಲಿ ನಟಿಸಿದ್ದ ಪೆದ್ರೊ ಅರ್ಮೆಂದಾರಿಸ್ ಕೂಡ ಜೊತೆಗೆ ಹೋದರು.

‘ಫೋರ್ಟ್ ಅಪಾಚೆ’ಯ ಒಂದು ದೃಶ್ಯ ವಿಚಿತ್ರವಾಗಿ ಚೆನ್ನಾಗಿದೆ. ಕೊಚೀಸ್ ಸ್ಪ್ಯಾನಿಷ್ ಮಾತಾಡುತ್ತಾನೆ. ಅರ್ಮೆಂದಾರಿಸ್ ಮಾಡಿದ ಸಾರ್ಜೆಂಟ್ ಅದನ್ನು ಕರ್ನಲ್‌ಗೆ ಇಂಗ್ಲಿಷಿನಲ್ಲಿ ಹೇಳುತ್ತಾನೆ. ಭ್ರಷ್ಟ ಸರ್ಕಾರಿ ಏಜೆಂಟ್ ತಮ್ಮವರನ್ನು ಹಾಳುಮಾಡುತ್ತಿದ್ದಾನೆ, ಅವನು ಹೋಗುವವರೆಗೆ ಶಾಂತಿ ಇಲ್ಲ ಎನ್ನುವುದು ಕೊಚೀಸ್ ವಾದ. ಹೆನ್ರಿ ಫೋಂಡಾ ಮಾಡಿದ ಕರ್ನಲ್ ಇದಕ್ಕೆ ಅವಮಾನದ ಮಾತಿನಿಂದ ಉತ್ತರ ಕೊಡುತ್ತಾನೆ. ಇಂಕ್ಲಾನ್ ಇಲ್ಲಿ ಏನೂ ‘ಮಾಡುವುದಿಲ್ಲ’. ಹುಬ್ಬು ಗಂಟಿಕ್ಕುವುದಿಲ್ಲ, ದನಿ ಏರಿಸುವುದಿಲ್ಲ. ನಿಂತುಕೊಂಡು ಮಾತಾಡುತ್ತಾರೆ. ಮೆಕ್ಸಿಕೋದಲ್ಲಿ ಕ್ರೌರ್ಯ ಎಂದು ಓದಿಸಿಕೊಂಡ ಅದೇ ಕಲ್ಲಿನಂಥ ಮುಖ ಇಲ್ಲಿ ಘನತೆ ಎಂದು ಓದಿಸಿಕೊಳ್ಳುತ್ತದೆ. ಅಮೆರಿಕದ ಪ್ರೇಕ್ಷಕರಿಗೆ ಈ ಮುಖದ ಹಳೆಯ ಪಾಪಗಳು ಗೊತ್ತಿರಲಿಲ್ಲ, ಅಲ್ವಾ? ಹಳೆಯ ನೆನಪಿನ ಹೊರೆ ಅಲ್ಲಿರಲಿಲ್ಲ. ಹಾಗಂತ ಪೂರ್ತಿ ಮೆಚ್ಚಬೇಕಾಗಿಲ್ಲ. ಫೋರ್ಡ್‌ಗೆ ಕೊಚೀಸ್ ಒಬ್ಬ ಮನುಷ್ಯ ಅನ್ನುವುದಕ್ಕಿಂತ ಒಂದು ವಿಗ್ರಹ. ಅವನು ಮನೆಯಲ್ಲಿ ಹೇಗಿರುತ್ತಾನೆ, ನಗುತ್ತಾನೋ ಇಲ್ಲವೋ ನಮಗೆ ತಿಳಿಯುವುದಿಲ್ಲ.

ಅದೇ ವರ್ಷದ ಮೆಕ್ಸಿಕೋ ಚಿತ್ರ ‘ನೊಸೋತ್ರೋಸ್ ಲೋಸ್ ಪೋಬ್ರೆಸ್’, ಅಂದರೆ ‘ನಾವು ಬಡವರು’. ನಿರ್ದೇಶಕ ಇಸ್ಮಾಯೆಲ್ ರೊದ್ರಿಗೆಸ್. ಬಡಗಿ ಪೆಪೆ ಎಲ್ ತೋರೊ ಆಗಿ ಪೆದ್ರೊ ಇನ್ಫಾಂತೆ. ಮೆಕ್ಸಿಕೋದಲ್ಲಿ ಇದನ್ನು ನೋಡದವರು ಸಿಗುವುದು ಕಷ್ಟ. ಟಿವಿಯಲ್ಲಿ ಮತ್ತೆ ಮತ್ತೆ ಬಂದು ಮೂರು ತಲೆಮಾರಿಗೆ ಕಣ್ಣೀರು ಹಾಕಿಸಿದ ಚಿತ್ರ. ಇಂಕ್ಲಾನ್ ಇಲ್ಲಿ ನಾಯಕಿಯ ಮಲತಂದೆ ದೋನ್ ಪಿಲಾರ್. ಕೆಲಸವಿಲ್ಲ, ಗಾಂಜಾ ಬಿಟ್ಟರೆ ಬೇರೆ ಲೋಕವಿಲ್ಲ. ಪೆಪೆಗೆ ಒಂದು ಕೆಲಸದ ಮುಂಗಡ ಹಣ ಸಿಗುತ್ತದೆ. ಅದನ್ನು ಪಿಲಾರ್ ಕದಿಯುತ್ತಾನೆ. ಪೆಪೆಯ ಕಷ್ಟಗಳೆಲ್ಲ ಅಲ್ಲಿಂದ ಒಂದರ ಮೇಲೊಂದು ಬೀಳುತ್ತವೆ. ಕದ್ದದ್ದನ್ನು ಕಂಡವಳು ಒಬ್ಬಳೇ, ಪಾರ್ಶ್ವವಾಯು ಹೊಡೆದು ಕೂತಲ್ಲೇ ಕೂತ ಪೆಪೆಯ ತಾಯಿ. ಅವಳಿಗೆ ಮಾತು ಬರುವುದಿಲ್ಲ. ಆದರೆ ಕಣ್ಣಿವೆ. ಆ ಕಣ್ಣು ಅವನನ್ನು ಬಿಡುವುದಿಲ್ಲ. ಆ ನೋಟ ತಡೆಯಲಾಗದೆ, ಗಾಂಜಾ ಅಮಲಿನಲ್ಲಿ, ಅವನು ಅವಳನ್ನು ಹೊಡೆಯುತ್ತಾನೆ.

ಇಲ್ಲಿ ನಟನೆ ದೊಡ್ಡದು, ಬಹಳ ದೊಡ್ಡದು. ಕಣ್ಣು ಹೊರಬರುತ್ತದೆ, ಬಾಯಿ ಸೊಟ್ಟಾಗುತ್ತದೆ. ಇವತ್ತಿನವರಿಗೆ ಅತಿಯಾಯಿತು ಅನಿಸಬಹುದು. ಆದರೆ ಗಮನಿಸಿ ನೋಡಿದರೆ ಇಂಕ್ಲಾನ್ ಆಡುತ್ತಿರುವುದು ಸಿಟ್ಟನ್ನಲ್ಲ, ಭಯವನ್ನು. ಮನೆಯಲ್ಲಿ ಎಲ್ಲರಿಗಿಂತ ನಿಶ್ಶಕ್ತಳಾದವಳಿಗೆ ಹೆದರಿದ ಗಂಡಸು ಅವನು. ಬರೀ ಕೇಡಿಗನಾಗಿ ಆಡಿದ್ದರೆ ಈ ದೃಶ್ಯ ಒಂದು ಹೊಡೆತ ಅಷ್ಟೇ ಆಗುತ್ತಿತ್ತು. ಭಯ ಸೇರಿದ್ದರಿಂದ ಅದು ಮರೆಯದೆ ಉಳಿಯಿತು. ಪೋಷಕ ನಟ ಬರೆದಿಟ್ಟ ಪಾತ್ರಕ್ಕಿಂತ ಒಂದು ಗೇಣು ಮುಂದೆ ಹೋಗುವುದು ಹೀಗೆ.

ಈ ಚಿತ್ರದ ಲೋಕದಲ್ಲಿ ಬಡವರೆಂದರೆ ಒಳ್ಳೆಯವರು. ಅವರು ಹಾಡುತ್ತಾರೆ, ಹಂಚಿಕೊಂಡು ತಿನ್ನುತ್ತಾರೆ, ಅಳುತ್ತಾ ನಗುತ್ತಾರೆ. ಹಾಗಾದರೆ ಬಡತನದ ಕೆಟ್ಟ ಮುಖವನ್ನೆಲ್ಲ, ಹಸಿವು ಹುಟ್ಟಿಸುವ ಕಳ್ಳತನ, ನಶೆ, ಮನೆಯೊಳಗಿನ ಹೊಡೆತ ಇವನ್ನೆಲ್ಲ ಎಲ್ಲಿಡುವುದು? ಒಬ್ಬನ ತಲೆಗೆ ಕಟ್ಟಿಬಿಟ್ಟರೆ ಉಳಿದವರು ಶುದ್ಧ. ದೋನ್ ಪಿಲಾರ್ ಇರುವುದು ಅದಕ್ಕೇ. ಭಾವನೆಗಳನ್ನು ಉಕ್ಕಿಸುವ ಮೆಲೋಡ್ರಾಮಾದಲ್ಲಿ ಖಳ ಮಾಡುವ ಕೆಲಸ ಇದು. ಅವನೊಬ್ಬ ವಠಾರದ ಕೊಳೆಯನ್ನೆಲ್ಲ ಹೊತ್ತುಕೊಂಡರೆ ನಾಯಕ ಕೈ ತೊಳೆದುಕೊಂಡು ಹಾಡಬಹುದು.

ಇಷ್ಟಾದ ಮೇಲೆ ಒಬ್ಬ ನಿರ್ಮಾಪಕ ಇಂಕ್ಲಾನ್ ಅವರನ್ನು ಒಳ್ಳೆಯವನ ಪಾತ್ರಕ್ಕೆ ಕರೆಯುತ್ತಾನೆಯೇ? ಫೆರ್ನಾಂದೆಸ್ ಕರೆದರು. 1949ರಲ್ಲಿ ಬಂದ ‘ಸಲೋನ್ ಮೆಹಿಕೊ’ದಲ್ಲಿ ಅವರು ಪೊಲೀಸ್ ಪೇದೆ ಲೂಪೆ. ಮಾರ್ಗಾ ಲೋಪೆಸ್ ಮಾಡಿದ ಮೆರ್ಸೆದೆಸ್, ತಂಗಿಯನ್ನು ದೊಡ್ಡ ಶಾಲೆಯಲ್ಲಿ ಓದಿಸುವುದಕ್ಕೆ ರಾತ್ರಿ ನೃತ್ಯಶಾಲೆಯಲ್ಲಿ ಗಂಡಸರ ಜೊತೆ ಕುಣಿದು ಸಂಪಾದಿಸುತ್ತಾಳೆ. ತಂಗಿಗೆ ಇದು ಗೊತ್ತಿಲ್ಲ. ಮೆರ್ಸೆದೆಸ್‌ಳನ್ನು ದುಡಿಸಿಕೊಳ್ಳುವ ಪಾಕೊ ಆಗಿ ರೊದೊಲ್ಫೊ ಅಕೋಸ್ತಾ. ಅಕೋಸ್ತಾ ನೋಡಲು ಚೆಂದ. ಒಳ್ಳೆ ಸೂಟು, ನುಣುಪಾಗಿ ಬಾಚಿದ ಕೂದಲು, ಡಾನ್ಸೋನ್ ಕುಣಿತದಲ್ಲಿ ಬಹುಮಾನ ಹೊಡೆಯುವ ಕಾಲು. ಇಂಕ್ಲಾನ್ ಹಾಗಲ್ಲ. ಸಮವಸ್ತ್ರದೊಳಗೆ ಕುಗ್ಗಿದಂತಿರುವ ಪೇದೆ. ಅವಳ ಗುಟ್ಟು ಅವನಿಗೆ ತಿಳಿಯುತ್ತದೆ. ತಿಳಿದ ಮೇಲೆ ಅವಳ ಮೇಲಿನ ಗೌರವ ಹೆಚ್ಚುತ್ತದೆ. ಮದುವೆ ಆಗುತ್ತೇನೆ ಅನ್ನುತ್ತಾನೆ.

ಚಿತ್ರ ಗೆಲ್ಲುವುದು ಈ ಅದಲು ಬದಲಿನಿಂದ. ನೃತ್ಯಶಾಲೆಯ ಮೂಲೆಯಲ್ಲಿ ಇಂಕ್ಲಾನ್ ಮುಖ ಕಂಡಾಗ, ದೋನ್ ಪಿಲಾರ್‌ನನ್ನು ನೋಡಿ ಬಂದವರು ಇವನಿಂದ ಏನು ಅನಾಹುತವೋ ಎಂದು ಕಾದಿರಬೇಕು. ಅನಾಹುತ ಬರುವುದಿಲ್ಲ, ಬದಲಿಗೆ ನಾಚಿಕೆ ಬರುತ್ತದೆ. ಕೈ ಎಲ್ಲಿಡಬೇಕೋ ತಿಳಿಯದ ಒಬ್ಬ ಮಧ್ಯವಯಸ್ಕನ ಪ್ರೀತಿ ಬರುತ್ತದೆ. ಮುಖವನ್ನು ನೋಡಿ ಮನುಷ್ಯನನ್ನು ಅಳೆಯಬಾರದು ಎಂದು ಫೆರ್ನಾಂದೆಸ್ ಒಂದು ಮಾತೂ ಆಡಿಸುವುದಿಲ್ಲ. ಪಾತ್ರ ಹಂಚಿದ್ದರಲ್ಲೇ ಅದು ಇದೆ. ಒಬ್ಬ ನಟನಾಗಿ ಇಂಕ್ಲಾನ್ ಎಷ್ಟು ದೊಡ್ಡವರು ಎಂದು ಯಾರಾದರೂ ಕೇಳಿದರೆ ನಾನು ತೋರಿಸುವುದು ಈ ಪೇದೆಯನ್ನು. ಅರಚುವುದು ಸುಲಭ. ಹಿಂಜರಿಕೆಯನ್ನು ಆಡುವುದು ಕಷ್ಟ.

1950ರ ‘ಅವೆಂತುರೇರಾ’ ಬಗ್ಗೆ ಒಂದೆರಡು ಮಾತು ಸಾಕು. ನಿನೊನ್ ಸೆವಿಯಾ ಕುಣಿತದ ಹುಚ್ಚು ಮೆಲೋಡ್ರಾಮಾ ಅದು. ಇಂಕ್ಲಾನ್ ಅದರಲ್ಲಿ ವೇಶ್ಯಾಗೃಹದ ಒಡತಿಯ ಕುಂಟ ಬಂಟ ರೆಂಗೊ. ಶುರುವಿನಲ್ಲಿ ಚಾಕು ಹಿಡಿದು ನಾಯಕಿಯನ್ನು ಹೆದರಿಸುವವನು ಕೊನೆಗೆ ಅವಳ ಪರ ನಿಲ್ಲುತ್ತಾನೆ. ಒಂದೇ ಚಿತ್ರದೊಳಗೆ ಆ ಮುಖ ಎರಡೂ ಬದಿಗೆ ಹೊರಳುತ್ತದೆ.

ಈಗ ಮುಖ್ಯ ವಿಷಯಕ್ಕೆ ಬರೋಣ. ಸ್ಪೇನ್‌ನಲ್ಲಿ ಹುಟ್ಟಿ ಮೆಕ್ಸಿಕೋದಲ್ಲಿ ನೆಲೆಸಿದ್ದ ನಿರ್ದೇಶಕ ಲೂಯಿಸ್ ಬುನ್ಯುಯೆಲ್ ಅವರ ‘ಲೋಸ್ ಓಲ್ವಿದಾದೋಸ್’ ಅದೇ 1950ರಲ್ಲಿ ತೆರೆಕಂಡಿತು. ಬೀದಿ ಹುಡುಗರ ಕಥೆ. ಸುಮಾರು ಮೂರು ವಾರದಲ್ಲಿ ಚಿತ್ರೀಕರಿಸಿದ್ದು. ಇಂಕ್ಲಾನ್ ಇದರಲ್ಲಿ ಕುರುಡ ದೋನ್ ಕಾರ್ಮೆಲೊ. ಡ್ರಮ್ ಕಟ್ಟಿಕೊಂಡು ಬೀದಿಯಲ್ಲಿ ಹಾಡಿ ಬೇಡುವವನು. ರೌಡಿ ಹುಡುಗ ಹೈಬೊ ಮತ್ತು ಅವನ ಗುಂಪು ಖಾಲಿ ಜಾಗದಲ್ಲಿ ಅವನನ್ನು ಅಡ್ಡಗಟ್ಟಿ, ಕಲ್ಲು ಹೊಡೆದು, ಡ್ರಮ್ ಒಡೆದುಹಾಕುತ್ತದೆ. ಅವನು ಕೆಸರಿನಲ್ಲಿ ಬಿದ್ದಿರುತ್ತಾನೆ. ಪಕ್ಕದಲ್ಲೇ ಒಂದು ಕೋಳಿ ನಿಂತು ಅವನ ಕಡೆ ನೋಡುತ್ತಿದೆ.

ಬೇರೆ ಯಾರೇ ಮಾಡಿದ್ದರೂ ಈ ಕುರುಡ ನಮ್ಮ ಕಣ್ಣೀರು ತಗೊಳ್ಳುತ್ತಿದ್ದ. ಬುನ್ಯುಯೆಲ್ ಆ ಅವಕಾಶ ಕೊಡುವುದಿಲ್ಲ. ದೋನ್ ಕಾರ್ಮೆಲೊನ ಕೋಲಿನ ತುದಿಯಲ್ಲಿ ಮೊಳೆ ಇದೆ. ತಂದೆ ಮಾರುಕಟ್ಟೆಯಲ್ಲಿ ಬಿಟ್ಟುಹೋದ ಹಳ್ಳಿಯ ಹುಡುಗ ಓಹಿತೋಸ್‌ನನ್ನು ಅವನು ಕೈಹಿಡಿದು ನಡೆಸಲು ಇಟ್ಟುಕೊಳ್ಳುತ್ತಾನೆ, ಹೊಡೆಯುತ್ತಾನೆ, ದುಡಿಸುತ್ತಾನೆ. ಹಾಲು ತಂದ ಹುಡುಗಿಯನ್ನು ತೊಡೆಯ ಮೇಲೆ ಎಳೆದುಕೊಳ್ಳುತ್ತಾನೆ. ಕಾಯಿಲೆಯವರಿಗೆ ಪಾರಿವಾಳ ಸವರಿ ನಾಟಿ ವೈದ್ಯ ಮಾಡುತ್ತಾನೆ. ಕ್ರಾಂತಿಗೆ ಮುಂಚಿನ ಸರ್ವಾಧಿಕಾರಿ ಪೊರ್ಫಿರಿಯೊ ದಿಯಾಸ್ ಕಾಲವೇ ಚೆನ್ನಾಗಿತ್ತು ಎಂದು ಗೊಣಗುತ್ತಾನೆ. ಕೊನೆಗೆ ಹೈಬೊ ಅಡಗಿದ ಜಾಗವನ್ನು ಪೊಲೀಸರಿಗೆ ಹೇಳಿಕೊಡುತ್ತಾನೆ. ಗುಂಡಿನ ಸದ್ದು ಕೇಳಿದಾಗ ಒಬ್ಬ ಕಡಿಮೆಯಾದ ಎಂದು ಕೂಗಿ, ಇಂಥವರನ್ನೆಲ್ಲ ಹುಟ್ಟುವ ಮುಂಚೆಯೇ ಕೊಲ್ಲಬೇಕು ಎಂದು ಹಾರೈಸುತ್ತಾನೆ.

ಆ ವರ್ಷ ಟಾಕೀಸಿನಲ್ಲಿ ಕೂತವರ ಜಾಗದಲ್ಲಿ ನಿಂತು ಯೋಚಿಸಿ. ಎರಡು ವರ್ಷದ ಹಿಂದೆ ಅವರು ಇದೇ ಮುಖವನ್ನು ಶಪಿಸಿದ್ದರು. ಈಗ ಅದೇ ಮುಖ ಕಲ್ಲೇಟು ತಿನ್ನುತ್ತಿದೆ. ಬೇಕಾಗಿತ್ತು ಅನ್ನಬೇಕೋ, ಅಯ್ಯೋ ಅನ್ನಬೇಕೋ? ಬಡವರೆಂದರೆ ಒಳ್ಳೆಯವರು, ಕುರುಡನೆಂದರೆ ಪಾಪ ಎಂಬ ಮೆಲೋಡ್ರಾಮಾದ ಲೆಕ್ಕವೂ ತಲೆಯಲ್ಲಿದೆ. ಬುನ್ಯುಯೆಲ್ ಎರಡೂ ನೆನಪನ್ನು ಒಂದಕ್ಕೊಂದು ತಾಗಿಸಿಬಿಡುತ್ತಾರೆ. ಇನ್ನೊಂದು ಹೊಂದಾಣಿಕೆ ನೋಡಿ. ದೋನ್ ಪಿಲಾರ್ ಇನ್ನೊಬ್ಬರ ಕಣ್ಣನ್ನು ತಡೆಯಲಾರದೆ ಹುಚ್ಚಾದವನು. ದೋನ್ ಕಾರ್ಮೆಲೊಗೆ ಯಾರ ಕಣ್ಣೂ ಕಾಣುವುದಿಲ್ಲ, ಆದ್ದರಿಂದ ಅವನಿಗೆ ಅಂಜಿಕೆಯೂ ಇಲ್ಲ. ನಿರ್ದೇಶಕ ಬೇಕೆಂದೇ ಹೀಗೆ ಮಾಡಿದರು ಎಂದು ನಾನು ಹೇಳುತ್ತಿಲ್ಲ. ಆದರೆ ಎರಡನ್ನೂ ನೋಡಿದವರಿಗೆ ಅದು ತಟ್ಟದೆ ಇರುವುದಿಲ್ಲ. ಪಿಲಾರ್ ಸುತ್ತಲಿನ ಬಡವರು ಶುದ್ಧರಾಗಿದ್ದರು. ಕಾರ್ಮೆಲೊ ಸುತ್ತ ಯಾರೂ ಶುದ್ಧರಿಲ್ಲ, ಹಾಗಾಗಿ ಅವನೊಬ್ಬನೇ ಖಳ ಅನ್ನುವಂತಿಲ್ಲ. ಎಲ್ಲರ ಕೊಳೆ ಹೊರುವ ಕೆಲಸದಿಂದ ಇಂಕ್ಲಾನ್ ಇಲ್ಲಿ ಬಿಡುಗಡೆಯಾದರು. ಪಾತ್ರ ಎಷ್ಟೇ ಹೊಲಸಿದ್ದರೂ ಅದು ಇಡೀ ಮನುಷ್ಯ.

ಇನ್ನೊಂದು ವಿಷಯ ನನಗೆ ಬಹಳ ಮುಖ್ಯ ಅನಿಸುತ್ತದೆ. ‘ಮರಿಯಾ ಕಾಂದೆಲಾರಿಯಾ’, ‘ಎನಾಮೊರಾದಾ’, ‘ದಿ ಫ್ಯುಜಿಟಿವ್’, ‘ಸಲೋನ್ ಮೆಹಿಕೊ’, ‘ಲೋಸ್ ಓಲ್ವಿದಾದೋಸ್’ ಈ ಐದಕ್ಕೂ ಛಾಯಾಗ್ರಾಹಕ ಒಬ್ಬರೇ, ಗಾಬ್ರಿಯೆಲ್ ಫಿಗೆರೋವಾ. ಮುಖ ಅದೇ, ಕ್ಯಾಮೆರಾ ಹಿಡಿದ ಕಣ್ಣೂ ಅದೇ. ಆದರೂ ಒಂದು ಕಡೆ ಲೋಭಿ, ಒಂದು ಕಡೆ ಸಂಕೋಚದ ಪೇದೆ, ಒಂದು ಕಡೆ ಕ್ರೂರ ಕುರುಡ. ಖಳನ ಕಳೆ ಇಂಕ್ಲಾನ್ ಅವರ ಮೂಗು, ಹುಬ್ಬುಗಳಲ್ಲಿ ಇರಲೇ ಇಲ್ಲ. ಕಥೆ ಅವರನ್ನು ಎಲ್ಲಿ ನಿಲ್ಲಿಸಿತು, ಪಕ್ಕದಲ್ಲಿ ಯಾರನ್ನು ನಿಲ್ಲಿಸಿತು, ನೋಡುವವರ ತಲೆಯಲ್ಲಿ ಏನಿತ್ತು ಎನ್ನುವುದರಲ್ಲಿತ್ತು.

‘ಲೋಸ್ ಓಲ್ವಿದಾದೋಸ್’ ಮೆಕ್ಸಿಕೋದಲ್ಲಿ ಮೊದಲು ಕೆಲವೇ ದಿನ ಓಡಿತು. ದೇಶಕ್ಕೆ ಅವಮಾನ ಎಂದು ಗಲಾಟೆ ಆಯಿತು. 1951ರಲ್ಲಿ ಕಾನ್‌ನಲ್ಲಿ ಬುನ್ಯುಯೆಲ್‌ಗೆ ಉತ್ತಮ ನಿರ್ದೇಶಕ ಪ್ರಶಸ್ತಿ ಬಂತು. ಕವಿ ಒಕ್ತಾವಿಯೊ ಪಾಸ್ ಅಲ್ಲಿ ಚಿತ್ರದ ಪರವಾಗಿ ಬರೆದು ಹಂಚಿದ್ದರು. ಆಮೇಲೆ ಊರಿನಲ್ಲೂ ಗಾಳಿ ತಿರುಗಿತು. ಮೆಕ್ಸಿಕೋದ ಅರಿಯೆಲ್ ಪ್ರಶಸ್ತಿಗಳನ್ನು ಚಿತ್ರ ಬಾಚಿಕೊಂಡಿತು. 2003ರಲ್ಲಿ ಯುನೆಸ್ಕೊ ಇದನ್ನು ಜಗತ್ತಿನ ನೆನಪಿನ ದಾಖಲೆಗಳ ಪಟ್ಟಿಗೆ ಸೇರಿಸಿತು. ಈ ಚಿತ್ರದ ಬಗ್ಗೆ ಬರೆಯುವವರು ಹೆಚ್ಚಾಗಿ ಬುನ್ಯುಯೆಲ್ ಬಗ್ಗೆ, ಆ ಹುಡುಗರ ಬಗ್ಗೆ ಬರೆಯುತ್ತಾರೆ. ಕುರುಡನಿಗೆ ಒಂದು ಪ್ಯಾರಾ ಸಿಕ್ಕರೆ ಹೆಚ್ಚು.

ಪೋಷಕ ನಟರಿಗೆ ಹೀಗೆ ಶಿಖರದಂಥ ಪಾತ್ರ ಬಂದ ಮೇಲೂ ಬದುಕು ಬದಲಾಗುವುದಿಲ್ಲ. ಅವರಿಗಾಗಿ ಯಾರೂ ಕಥೆ ಬರೆಯುವುದಿಲ್ಲ. ಮತ್ತೆ ಕಳ್ಳ, ಮತ್ತೆ ಪೇದೆ, ಮತ್ತೆ ಮುದುಕ. ಹಾಲಿವುಡ್ಡಿಗೆ ಹೋದವರ ಕಥೆಯೂ ಅಷ್ಟೇ. ಚೆಂದದ ಪಾಕೊ ಆಗಿದ್ದ ರೊದೊಲ್ಫೊ ಅಕೋಸ್ತಾ ಅಲ್ಲಿ ವರ್ಷಗಟ್ಟಲೆ ‘ವೆಸ್ಟರ್ನ್’ ಅನ್ನುವ ಕೌಬಾಯ್ ಚಿತ್ರಗಳ ಡಕಾಯಿತ, ಅಪಾಚೆ ಆಗಿ ಕಳೆದರು. ಇಂಕ್ಲಾನ್ ಕೂಡ 1955ರ ‘ಸೆವೆನ್ ಸಿಟೀಸ್ ಆಫ್ ಗೋಲ್ಡ್’ನಂಥ ಅಮೆರಿಕನ್ ಚಿತ್ರಗಳಲ್ಲಿ ಕಾಣಿಸಿಕೊಂಡರು. 1956ರ ಜುಲೈನಲ್ಲಿ, ಅಮೆರಿಕದ ಗಡಿಯಲ್ಲಿರುವ ತಿಹುವಾನಾದಲ್ಲಿ ತೀರಿಕೊಂಡರು. ಮಾರನೇ ವರ್ಷ ಪೆದ್ರೊ ಇನ್ಫಾಂತೆ ವಿಮಾನ ಅಪಘಾತದಲ್ಲಿ ಸತ್ತಾಗ ಇಡೀ ಮೆಕ್ಸಿಕೋ ಬೀದಿಗಿಳಿದು ಅತ್ತಿತು. ಪೆಪೆ ಎಲ್ ತೋರೊನ ಜೊತೆ ದೋನ್ ಪಿಲಾರ್‌ನನ್ನು ಯಾರು ನೆನೆಯುತ್ತಾರೆ?

ಇವರನ್ನು ನೋಡಬೇಕು ಅನಿಸಿದರೆ ವರ್ಷದ ಲೆಕ್ಕ ಹಿಡಿದೇ ಹೋಗಿ. ಮೊದಲು ‘ನೊಸೋತ್ರೋಸ್ ಲೋಸ್ ಪೋಬ್ರೆಸ್’. ಹಾಡು, ಅಳು ಸ್ವಲ್ಪ ಜಾಸ್ತಿ ಆಯಿತು ಅನಿಸಿದರೂ ಎದ್ದು ಹೋಗಬೇಡಿ, ಪಿಲಾರ್‌ನನ್ನು ಮನಸ್ಸಾರೆ ದ್ವೇಷಿಸಿ. ಆಮೇಲೆ ‘ಸಲೋನ್ ಮೆಹಿಕೊ’. ಕೊನೆಗೆ ‘ಲೋಸ್ ಓಲ್ವಿದಾದೋಸ್’. ಕೊನೆಯದನ್ನು ಮೊದಲೇ ನೋಡಿದವರೂ ಇನ್ನೊಮ್ಮೆ ನೋಡಬಹುದು. 1950ರ ಮೆಕ್ಸಿಕೋದವರು ತಲೆಯಲ್ಲಿ ಇಟ್ಟುಕೊಂಡು ಬಂದಿದ್ದ ಆ ಹಳೆಯ ದ್ವೇಷ ಈ ಸಲ ನಿಮ್ಮ ಹತ್ತಿರವೂ ಇರುತ್ತದೆ.